ರಹೀಮ್ ಮಾಸ್ತರರ ಊರಿಗೆ

ಆಳಂದದಿಂದ ಬೆಳಗಿನ ಬಸ್ಸು ಹಿಡಿದರೆ ತೊಗರಿ ಹೊಲಗಳ ನಡುವೆ ಕಡಗಂಚಿ ದಾಟಿ ಕಲಬುರಗಿ ಸುಮಾರು 40 ಕಿಲೋಮೀಟರು. ಅಲ್ಲಿಂದ ಮುಂದೆ ರೈಲು. ಶಹಾಬಾದಿನ ಫರಸಿ ಕಲ್ಲು, ವಾಡಿಯ ಸಿಮೆಂಟ್ ಕಾರ್ಖಾನೆ, ಚಿತ್ತಾಪುರ, ಸೇಡಂ, ತಾಂಡೂರು, ವಿಕಾರಾಬಾದ್ ಒಂದೊಂದಾಗಿ ಹಿಂದೆ ಸರಿದು ಹೈದರಾಬಾದು ಬರುತ್ತದೆ. ನಮ್ಮ ಹಿರಿಯರಿಗೆ ಇದು ಪರಊರಲ್ಲ. 1956ರ ನವೆಂಬರ್ 1ರಂದು ನಮ್ಮ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರುವವರೆಗೂ ಅದೇ ನಮ್ಮ ರಾಜಧಾನಿ.

ಕಳೆದ ದಸರಾ ರಜೆಯಲ್ಲಿ ಸಂಬಂಧಿಕರ ಮನೆಯ ಕಾರ್ಯಕ್ಕೆಂದು ಆ ಊರಿಗೆ ಹೊರಟಾಗ ತಮ್ಮನ ಮಗನೂ ಜೊತೆಗಿದ್ದ. ಒಂಬತ್ತನೆಯ ತರಗತಿಯ ಹುಡುಗ, ನನ್ನದೇ ವಿದ್ಯಾರ್ಥಿ. ಚೆಂಡು ಕಂಡರೆ ಊಟ ಮರೆಯುತ್ತಾನೆ. ರೈಲಿನಲ್ಲಿ ಹೊತ್ತು ಹೋಗಲೆಂದು ಅವನಿಗೆ ಇದೇ ಹಾದಿಯ ಒಂದು ಕಥೆ ಹೇಳಿದೆ.

1950ನೆಯ ಇಸವಿ. ಹೈದರಾಬಾದ್ ಸಂಸ್ಥಾನ ಭಾರತದಲ್ಲಿ ವಿಲೀನವಾಗಿ ಎರಡು ವರ್ಷವಾಗಿತ್ತಷ್ಟೆ. ಆ ವರ್ಷ ಹೈದರಾಬಾದ್ ಸಿಟಿ ಪೊಲೀಸ್ ಫುಟ್‌ಬಾಲ್ ತಂಡದ ತರಬೇತಿ ಸೈಯದ್ ಅಬ್ದುಲ್ ರಹೀಮ್ ಎಂಬುವರ ಕೈಗೆ ಬಂತು. ಮುಂಬಯಿಯಲ್ಲಿ ರೋವರ್ಸ್ ಕಪ್, ದೆಹಲಿಯಲ್ಲಿ ಡ್ಯುರಾಂಡ್ ಕಪ್ ಆಗ ದೇಶದ ಅತಿ ದೊಡ್ಡ ಪಂದ್ಯಾವಳಿಗಳು. ಆ ಒಂದೇ ವರ್ಷದಲ್ಲಿ ಪೊಲೀಸರು ಎರಡನ್ನೂ ಗೆದ್ದರು. ಡ್ಯುರಾಂಡ್ ಫೈನಲ್ಲಿನಲ್ಲಿ ಸೋತದ್ದು ಕಲ್ಕತ್ತೆಯ ಮೋಹನ್ ಬಗಾನ್. ರೋವರ್ಸ್ ಕಪ್ಪಂತೂ 1954ರವರೆಗೆ, ಸತತ ಐದು ವರ್ಷ, ಹೈದರಾಬಾದನ್ನು ಬಿಟ್ಟು ಕದಲಲಿಲ್ಲ. ಹೈದರಾಬಾದಿನಿಂದ ಮುಂಬಯಿಗೆ ಹೋಗುವ ರೈಲುಹಾದಿ ವಾಡಿ, ಕಲಬುರಗಿ, ಸೊಲ್ಲಾಪುರದ ಮೇಲೆಯೇ ಹಾಯುತ್ತದೆ. ಆ ಆಟಗಾರರು ನಮ್ಮ ಸ್ಟೇಷನ್ನಿನಲ್ಲಿ ಇಳಿದು ಚಹಾ ಕುಡಿದಿರಲಿಕ್ಕೂ ಸಾಕು! ಅತ್ತ ಮೈಸೂರು ತಂಡವೂ ಕಡಿಮೆಯದಾಗಿರಲಿಲ್ಲ. 1946–47 ಮತ್ತು 1952–53ರಲ್ಲಿ ಬಂಗಾಳವನ್ನು ಮಣಿಸಿ ಸಂತೋಷ್ ಟ್ರೋಫಿ ಗೆದ್ದಿತ್ತು.

"ದೊಡ್ಡಪ್ಪಾ, ಈ ರಹೀಮ್ ಸಾಹೇಬ್ರು ಪೊಲೀಸ್ ಇದ್ರೇನ್ರಿ?" ಎಂದ ಹುಡುಗ.

"ಇಲ್ಲಪ್ಪ, ಸಾಲಿ ಮಾಸ್ತರರು," ಎಂದೆ.

ರಹೀಮ್ ಹುಟ್ಟಿದ್ದು 1909ರಲ್ಲಿ, ಹೈದರಾಬಾದಿನಲ್ಲಿಯೇ. ಉಸ್ಮಾನಿಯಾ ವಿಶ್ವವಿದ್ಯಾಲಯದಲ್ಲಿ ಓದುತ್ತಲೇ ಆಡಿದವರು. ಕಲಾ ಪದವಿ ಪಡೆದು ಕಾಚಿಗುಡ, ಚಾದರಘಾಟ್ ಮುಂತಾದ ಕಡೆಯ ಶಾಲೆಗಳಲ್ಲಿ ಪಾಠ ಹೇಳಿದರು. ಬಳಿಕ ದೈಹಿಕ ಶಿಕ್ಷಣದ ಡಿಪ್ಲೊಮಾ ಮಾಡಿಕೊಂಡರು. ಅವರ ತರಬೇತಿಯಲ್ಲಿಯೂ ಮಾಸ್ತರಿಕೆಯ ಗುರುತು ಕಾಣುತ್ತದೆ. ಚೆಂಡನ್ನು ಕಾಲಲ್ಲೇ ಇಟ್ಟುಕೊಂಡು ಓಡಕೂಡದು, ಜೊತೆಗಾರನಿಗೆ ದಾಟಿಸಲೇಬೇಕು ಎಂಬ ನಿಯಮದ ಪಂದ್ಯಗಳನ್ನು ನಡೆಸಿದರು. ಬಲಹೀನ ಕಾಲಿನಿಂದ ಮಾತ್ರ ಒದೆಯಬೇಕೆಂಬ ಪಂದ್ಯಗಳನ್ನೂ ಆಡಿಸಿದರು.

ಇದರ ಹಿಂದಿರುವುದು ಸರಳ ವಿಜ್ಞಾನ. 20 ಮೀಟರ್ ದೂರಕ್ಕೆ ಚೆಂಡನ್ನು ಹೊಡೆದುಕೊಂಡು ಓಡುವವನ ವೇಗ ಸೆಕೆಂಡಿಗೆ 6 ಮೀಟರ್ ಎಂದಿಟ್ಟುಕೊಳ್ಳಿ. ಅವನಿಗೆ ಮೂರು ಸೆಕೆಂಡಿಗೂ ಮಿಕ್ಕಿ ಬೇಕು. ಗಟ್ಟಿಯಾಗಿ ಒದ್ದ ಚೆಂಡು ಅದರ ಅರ್ಧ ಹೊತ್ತಿನಲ್ಲಿ ತಲುಪುತ್ತದೆ. ಮನುಷ್ಯ ದಣಿಯುತ್ತಾನೆ, ಚೆಂಡು ದಣಿಯುವುದಿಲ್ಲ. ಇನ್ನು ಎಡಗಾಲಿನ ಮಾತು: ಅದರಲ್ಲಿ ಸ್ನಾಯು ಕಡಿಮೆ ಎಂದಲ್ಲ, ನರಗಳಿಗೆ ಅಭ್ಯಾಸ ಸಾಲದು ಅಷ್ಟೆ. ಗಣಿತ ಬರುವುದಿಲ್ಲ ಎಂದು ಮಕ್ಕಳು ಹೇಳುವಾಗಲೂ ಅನೇಕ ಸಲ ಸಂಗತಿ ಇದೇ ಆಗಿರುತ್ತದೆ.

ಭಾರತ ತಂಡಕ್ಕೂ ರಹೀಮರೇ ಗುರುವಾದರು. 1951ರ ದೆಹಲಿ ಏಷ್ಯನ್ ಕ್ರೀಡೆಗಳಲ್ಲಿ ಚಿನ್ನ. 1952ರ ಹೆಲ್ಸಿಂಕಿ ಒಲಿಂಪಿಕ್ಸಿನಲ್ಲಿ ಯುಗೊಸ್ಲಾವಿಯ ಎದುರು 10–1ರ ಹೀನಾಯ ಸೋಲು. ನಮ್ಮವರಲ್ಲಿ ಅನೇಕರು ಬರಿಗಾಲಲ್ಲಿ ಆಡಿದ್ದರು. ಅಲ್ಲಿಗೆ ಎದೆಗುಂದಲಿಲ್ಲ. ಎಲ್ಲರೂ ಬೂಟು ತೊಟ್ಟರು. 1956ರ ಮೆಲ್ಬರ್ನ್ ಒಲಿಂಪಿಕ್ಸಿನಲ್ಲಿ ಆಸ್ಟ್ರೇಲಿಯವನ್ನು 4–2ರಿಂದ ಸೋಲಿಸಿ ಭಾರತ ನಾಲ್ಕನೆಯ ಸ್ಥಾನ ಪಡೆಯಿತು. 1962ರಲ್ಲಿ ಜಕಾರ್ತದಲ್ಲಿ ದಕ್ಷಿಣ ಕೊರಿಯ ವಿರುದ್ಧ 2–1ರ ಗೆಲುವು, ಮತ್ತೆ ಚಿನ್ನ. ಅಷ್ಟರಲ್ಲಿ ರಹೀಮರನ್ನು ಕ್ಯಾನ್ಸರ್ ಹಿಡಿದಿತ್ತು. 1963ರ ಜೂನ್ 11ರಂದು ಅವರು ತೀರಿಕೊಂಡರು. ಆ ಬಳಿಕ ಏಷ್ಯನ್ ಕ್ರೀಡೆಗಳಲ್ಲಿ ಫುಟ್‌ಬಾಲಿನ ಚಿನ್ನ ನಮಗೆ ಸಿಕ್ಕಿಲ್ಲ. 2024ರಲ್ಲಿ 'ಮೈದಾನ್' ಎಂಬ ಹಿಂದಿ ಚಿತ್ರ ಬಂದಾಗಲೇ ನಮ್ಮಲ್ಲಿ ಬಹಳ ಜನ ಅವರ ಹೆಸರು ಕೇಳಿದ್ದು.

ಮರುದಿನ ಹುಡುಗನನ್ನು ಉಸ್ಮಾನಿಯಾದ ಆವರಣಕ್ಕೆ ಕರೆದೊಯ್ದೆ. 1939ರಲ್ಲಿ ಉದ್ಘಾಟನೆಯಾದ ಆರ್ಟ್ಸ್ ಕಾಲೇಜಿನ ಕಲ್ಲಿನ ಕಟ್ಟಡ ಬೆಳಗಿನ ಬಿಸಿಲಿಗೆ ನಸುಗೆಂಪಾಗಿತ್ತು. ಹುಡುಗ ಅದನ್ನು ಒಂದು ನಿಮಿಷ ನೋಡಿ, ತಲೆಯಲ್ಲಿ ಕೊರೆಯುತ್ತಿದ್ದುದನ್ನು ಕೇಳಿಯೇಬಿಟ್ಟ:

"ದೊಡ್ಡಪ್ಪಾ, ಅವ್ರೂ ಮಾಸ್ತರ್, ನೀವೂ ಮಾಸ್ತರ್. ಮತ್ತ ನಮ್ಮ ಆಟದ ಪಿರೇಡ್ ನೀವ್ಯಾಕ ತಗೊಂತೀರಿ?"

ನಾನು ಉತ್ತರ ಕೊಡಲಿಲ್ಲ. ಕೊಡಲು ಇರಲೂ ಇಲ್ಲ. ಪಾಠ ಮುಗಿಯಲಿಲ್ಲವೆಂದು ವರ್ಷಗಟ್ಟಲೆ ಆಟದ ಅವಧಿಯನ್ನು ಕಸಿದುಕೊಂಡವನು ನಾನೇ. ಯಾವ ತಂದೆಯೂ ಅದಕ್ಕಾಗಿ ದೂರಲಿಲ್ಲ, ಹೊಗಳಿದವರೇ ಹೆಚ್ಚು. ಆಟಕ್ಕೆ ಬಿಟ್ಟಿದ್ದರೆ ದೂರುತ್ತಿದ್ದರು.

ರಜೆ ಮುಗಿದ ಮೊದಲ ಶನಿವಾರ ಪುಸ್ತಕ ಬಿಟ್ಟು, ಅಳತೆಯ ಟೇಪು ಮತ್ತು ಗಡಿಯಾರ ಹಿಡಿದು ಮಕ್ಕಳೊಡನೆ ಬಯಲಿಗೆ ಹೋದೆ. 20 ಮೀಟರ್ ಅಳೆದು ಗೆರೆ ಎಳೆದೆವು. ಹುಡುಗರೂ ಹುಡುಗಿಯರೂ ಓಡಿದರು, ಒದ್ದರು, ಸೆಕೆಂಡು ಎಣಿಸಿದರು. ವೇಗವೆಂದರೆ ದೂರವನ್ನು ಕಾಲದಿಂದ ಭಾಗಿಸುವುದು ಎಂಬುದನ್ನು ಅಂದು ಕೊನೆಯ ಬೆಂಚಿನವರೂ ಹೇಳಿದರು. ಮುಂದಿನ ವಾರ ಅಳತೆಯ ಟೇಪನ್ನೂ ಒಯ್ಯಲಿಲ್ಲ. ಅದು ಆಟದ್ದೇ ಅವಧಿಯಾಗಿತ್ತು.

ಈಗ ನನ್ನ ಪಾಠ ಒಂದು ಅಧ್ಯಾಯ ಹಿಂದೆ ಬಿದ್ದಿದೆ ನಿಜ. "ಅಣ್ಣಾ, ಬರೋ ವರ್ಷ ಹತ್ತನೇತ್ತೆ. ಇವ ಇನ್ನಾ ಚೆಂಡು ಹಿಡಕೊಂಡು ತಿರಗತಾನ" ಎಂದು ತಮ್ಮ ಮೊನ್ನೆ ಬೇಸರಪಟ್ಟ. ಆ ಅಧ್ಯಾಯವನ್ನು ಬೆಳಿಗ್ಗೆ ಅರ್ಧ ತಾಸು ಮುಂಚೆ ಬಂದು ನಾನೇ ಮುಗಿಸುತ್ತೇನೆ, ಸಂಜೆಯ ಒಂದು ತಾಸನ್ನು ಮಾತ್ರ ಹುಡುಗನಿಗೆ ಬಿಡು ಎಂದಿದ್ದೇನೆ. ತಮ್ಮ ಒಪ್ಪಿದ್ದಾನೆ, ಅರೆಮನಸ್ಸಿನಿಂದ.