ಗಳಿಗೆ ಚಿಟ್ಟೆಯ ನೂಲು

ನನಗೆ ಆಗ ಒಂಬತ್ತು ವರ್ಷ. ಶಿಡ್ಲಘಟ್ಟದ ಹತ್ತಿರದ ನಮ್ಮೂರಿನಲ್ಲಿ ರೇಷ್ಮೆ ಹುಳು ಸಾಕದ ಮನೆ ಅಪರೂಪ. ನಮ್ಮ ನಡುಮನೆಯಲ್ಲೇ ಬಿದಿರಿನ ತಟ್ಟೆಗಳನ್ನು ಒಂದರ ಮೇಲೊಂದು ಜೋಡಿಸಿ ಇಡುತ್ತಿದ್ದರು. ಅವುಗಳ ಪಕ್ಕದಲ್ಲೇ ಚಾಪೆ ಹಾಸಿ ನಾವು ಮಲಗುತ್ತಿದ್ದೆವು.

ರೇಷ್ಮೆ ಹುಳು ನಾಲ್ಕು ಸಲ ಪೊರೆ ಕಳಚುತ್ತದೆ. ನಮ್ಮ ಕಡೆ ಅದಕ್ಕೆ ‘ಜ್ವರ’ ಎನ್ನುತ್ತಾರೆ. ನಾಲ್ಕನೇ ಜ್ವರ ಎದ್ದ ಮೇಲೆ ಅದರ ಹಸಿವು ನೋಡಬೇಕು! ನಡುರಾತ್ರಿಯಲ್ಲೂ ಎದ್ದು ಹಿಪ್ಪುನೇರಳೆ ಸೊಪ್ಪು ಹಾಕಬೇಕು. ಅಂಥ ರಾತ್ರಿಗಳಲ್ಲಿ ಲಾಂದ್ರ ಹಿಡಿಯುವ ಕೆಲಸ ನನ್ನದು. ನಾನು ತೂಕಡಿಸಬಾರದೆಂದು ಅಜ್ಜಿ ಕತೆ ಹೇಳುತ್ತಿದ್ದಳು.

“ಲಕ್ಷ ಗೂಡಿಗೆ ಒಂದು ಗಳಿಗೆ ಚಿಟ್ಟೆಯ ಗೂಡು ಇರುತ್ತೆ ಕಣೇ. ಅದರ ನೂಲನ್ನ ಮುಂಗೈಗೆ ಮೂರು ಸುತ್ತು ಸುತ್ತಿಕೊಂಡರೆ ಒಂದು ಗಳಿಗೆ ಅನ್ನೋದು ಒಂದು ದಿನದಷ್ಟು ಉದ್ದ ಆಗುತ್ತೆ.”

ಗಳಿಗೆ ಎಂದರೆ 24 ನಿಮಿಷ. ಗಂಡನ ಮನೆಗೆ ಹೊರಟ ಹುಡುಗಿಯೊಬ್ಬಳು ಆ ನೂಲು ಸುತ್ತಿಕೊಂಡಳಂತೆ. ತವರಿನಲ್ಲಿ ತಿಂದ ಕೊನೆಯ ರೊಟ್ಟಿ ಸಂಜೆಯಾದರೂ ಮುಗಿಯಲಿಲ್ಲವಂತೆ. ಹುಳು ಬೇಗ ಹಣ್ಣಾಗಲಿ ಎಂದು ಒಬ್ಬ ರೈತ ಅದೇ ನೂಲನ್ನು ತಟ್ಟೆಗೆ ಕಟ್ಟಿದನಂತೆ. ಬೆಳಗಾಗುವಷ್ಟರಲ್ಲಿ ಹುಳುವೂ ಹಣ್ಣಾಗಿತ್ತು, ಅವನ ತಲೆಯೂ ನರೆತಿತ್ತು! ನಾನು ನಕ್ಕೂ ನಕ್ಕೂ ಲಾಂದ್ರ ಅಲ್ಲಾಡಿಸಿ ಬೈಸಿಕೊಳ್ಳುತ್ತಿದ್ದೆ.

ಒಂದು ರಾತ್ರಿ ಅಜ್ಜಿ ಹೊಸದೊಂದು ಸೇರಿಸಿದಳು. “ಅದೇ ನೂಲನ್ನ ಹಿಂದುಮುಂದಾಗಿ ಸುತ್ತಿದರೆ ಹೋದ ದಿನ ತಿರುಗಿ ಬರುತ್ತೆ.”

ಆ ರಾತ್ರಿ ನಾನು ನಗಲಿಲ್ಲ. ನನಗೊಂದು ದಿನ ತಿರುಗಿ ಬೇಕಾಗಿತ್ತು.

ತಾತ ತೀರಿಕೊಂಡು ಎರಡು ತಿಂಗಳಾಗಿತ್ತು. ಹಿಂದಿನ ಸಂಜೆ ಅವರು ಜಗಲಿಯಲ್ಲಿ ಕೂತು, “ಪುಟ್ಟೀ, ಬಾ ಇಲ್ಲಿ” ಎಂದು ಕರೆದಿದ್ದರು. ನಾನು ಕುಂಟೆಬಿಲ್ಲೆ ಆಡುತ್ತಿದ್ದೆ. “ಈಗ ಬಂದೆ ತಾತ” ಎಂದೆ. ಹೋಗಲಿಲ್ಲ. ಆಟ ಮುಗಿಸಿ ಬರುವಷ್ಟರಲ್ಲಿ ಅವರು ಮಲಗಿದ್ದರು. ಬೆಳಿಗ್ಗೆ ಏಳಲಿಲ್ಲ. ಇದನ್ನು ನಾನು ಯಾರಿಗೂ ಹೇಳಿರಲಿಲ್ಲ.

ಹುಳುಗಳು ಹಣ್ಣಾದವು. ಚಂದ್ರಿಕೆಗೆ ಬಿಟ್ಟೆವು. ತಲೆಯನ್ನು ಅತ್ತಿತ್ತ ಆಡಿಸುತ್ತಾ ಎರಡು ಮೂರು ದಿನಗಳಲ್ಲಿ ತಿಳಿ ಹಳದಿ ಗೂಡು ಕಟ್ಟಿದವು. ಮಾರಲು ಒಯ್ಯುವ ಮುನ್ನ, ಎಲ್ಲಕ್ಕಿಂತ ದಪ್ಪವಾಗಿ ಕಂಡ ಒಂದು ಗೂಡನ್ನು ಕದ್ದೆ. ನೂಲು ತೆಗೆಯುವವರು ಗೂಡನ್ನು ಬಿಸಿನೀರಿಗೆ ಹಾಕುವುದನ್ನು ನೋಡಿದ್ದೆ. ಒಳಗಿನ ಜೀವ ಸತ್ತರೇ ನೂಲು ತುಂಡಾಗದೆ ಬರುವುದು. ಗಳಿಗೆ ಚಿಟ್ಟೆಯನ್ನು ಕೊಲ್ಲಲು ನನಗೆ ಮನಸ್ಸಾಗಲಿಲ್ಲ. ಅದು ತಾನಾಗಿ ಹೊರಗೆ ಬರಲಿ, ಆಮೇಲೆ ನೂಲು ಕೇಳೋಣ ಎಂದುಕೊಂಡು ಗೂಡನ್ನು ಅಟ್ಟದ ಮೇಲಿನ ಖಾಲಿ ಮಡಕೆಯಲ್ಲಿ ಬಚ್ಚಿಟ್ಟೆ.

ಹತ್ತು ಹನ್ನೆರಡು ದಿನ ಕಳೆದಿರಬೇಕು. ಒಂದು ಬೆಳಿಗ್ಗೆ ಗೂಡಿಗೆ ತೂತಾಗಿತ್ತು. ಪಕ್ಕದಲ್ಲಿ ಬೆಳ್ಳನೆಯ ಚಿಟ್ಟೆ ರೆಕ್ಕೆ ನಡುಗಿಸುತ್ತಾ ಕೂತಿತ್ತು. ಅದಕ್ಕೆ ಹಾರಲು ಬರಲಿಲ್ಲ. ಸೊಪ್ಪು ಕೊಟ್ಟರೆ ಮುಟ್ಟಲಿಲ್ಲ. ಗೂಡಿನ ನೂಲೆಳೆದೆ. ಗೇಣುದ್ದ ಬಂದು ತುಂಡಾಯಿತು. ಮತ್ತೆ ಎಳೆದೆ, ಮತ್ತೆ ತುಂಡು. ಮೂರು ಸುತ್ತಿರಲಿ, ಒಂದು ಸುತ್ತಿಗೂ ಸಾಲಲಿಲ್ಲ. ಕೆಲವು ದಿನಗಳಲ್ಲಿ ಚಿಟ್ಟೆಯೂ ಸತ್ತಿತು.

ಅಟ್ಟದ ಮೇಲೆ ನಾನು ಅಳುತ್ತಿದ್ದುದು ಅಜ್ಜಿಗೆ ಕೇಳಿಸಿತು. ಎಲ್ಲವನ್ನೂ ಹೇಳಿಬಿಟ್ಟೆ. ಗೂಡು ಕದ್ದದ್ದಕ್ಕೆ ಅವಳು ಬೈಯಲಿಲ್ಲ. ಸೆರಗಿನಿಂದ ನನ್ನ ಮುಖ ಒರೆಸಿ, “ನೂಲು ಹಿಂದಕ್ಕೆ ಹೋಗಲ್ಲ ಮಗಾ. ಅದು ನಾನು ಕಟ್ಟಿದ ಕತೆ. ನಿನಗೊಬ್ಬಳಿಗೇ ಅಲ್ಲ, ನನಗೂ ಅದು ಬೇಕಿತ್ತು” ಎಂದಳು.

ಸ್ವಲ್ಪ ಹೊತ್ತು ಸುಮ್ಮನಿದ್ದು ಮುಂದುವರಿಸಿದಳು. “ತಾತ ನಿನ್ನನ್ನ ಕರೆದಿದ್ದು ಹಿಪ್ಪುನೇರಳೆ ಹಣ್ಣು ಕೊಡೋಕೆ. ತೋಟದಿಂದ ಟವಲಿನಲ್ಲಿ ಕಟ್ಟಿಕೊಂಡು ಬಂದಿದ್ರು. ನೀನು ಬರಲಿಲ್ಲ ಅಂತ ನಾನು ಗದರೋಕೆ ಹೊರಟೆ. ‘ಆಡಲಿ ಬಿಡೇ, ಬೆಳಿಗ್ಗೆ ಕೊಟ್ಟರಾಯ್ತು’ ಅಂತ ನಕ್ಕರು. ಬೇಜಾರು ಮಾಡಿಕೊಂಡು ಮಲಗಲಿಲ್ಲ ಅವರು.”

“ಹಣ್ಣು ಏನಾಯ್ತಜ್ಜಿ?”

“ಯಾರಿಗೆ ನೆನಪಿತ್ತು? ಇರುವೆ ತಿಂದವು.”

ಅಷ್ಟು ಅಳುವಿನ ನಡುವೆಯೂ ನನಗೆ ನಗು ಬಂತು. ಅಜ್ಜಿಗೂ ಬಂತು.

ದೊಡ್ಡವಳಾದ ಮೇಲೆ ರೇಷ್ಮೆ ಹುಳುವಿನ ಬಗ್ಗೆ ಓದಿದೆ. ಅಜ್ಜಿಯ ಕತೆಯಲ್ಲಿ ಒಂದಿಷ್ಟು ನಿಜವೂ ಇತ್ತು. ಮೊಟ್ಟೆಯಿಂದ ಬಂದ ಮರಿ ಸುಮಾರು 25 ದಿನಗಳಲ್ಲಿ 10 ಸಾವಿರ ಪಟ್ಟು ತೂಗುತ್ತದೆ. ಕೆಲವು ತಳಿಗಳ ಮೊಟ್ಟೆಗಳನ್ನು ತಣ್ಣಗಿನ ಕೋಣೆಯಲ್ಲಿಟ್ಟು ತಿಂಗಳುಗಟ್ಟಲೆ ಮರಿಯಾಗದಂತೆ ತಡೆಯುತ್ತಾರೆ. ಮರಿ ಹೊರಬರುವ ದಿನ ಹತ್ತಿರವಾದಾಗ ಮೊಟ್ಟೆಗಳನ್ನು ಕಪ್ಪು ಕಾಗದದಲ್ಲಿ ಸುತ್ತಿ ಕತ್ತಲಲ್ಲಿಡುತ್ತಾರೆ. ಬೇಗ ಬೆಳೆದವು ಒಳಗೇ ಉಳಿದು, ತಡವಾದವುಗಳಿಗೆ ಕಾಯುತ್ತವೆ. ಬೆಳಿಗ್ಗೆ ಬೆಳಕಿಗೆ ಬಿಚ್ಚಿದರೆ ಹೆಚ್ಚಿನವು ಒಟ್ಟಿಗೇ ಹೊರಬರುತ್ತವೆ. ಹೊತ್ತನ್ನು ಓಡಿಸಬಹುದು, ತಡೆಯಬಹುದು. ಹಿಂದಕ್ಕೆ ಸುತ್ತುವ ದಾರಿ ಮಾತ್ರ ಯಾವ ಪುಸ್ತಕದಲ್ಲೂ ಸಿಗಲಿಲ್ಲ.

ಈಗ ನನಗೆ 66. ಮೂರನೇ ಕ್ಲಾಸಿನ ಮೊಮ್ಮಗನಿಗೆ ಗಳಿಗೆ ಚಿಟ್ಟೆಯ ಕತೆ ಹೇಳಿದೆ. ಅದು ನಿಜವಲ್ಲ ಎಂದೂ ಹೇಳಿದೆ. “ಇದ್ದಿದ್ರೆ ಆಟದ ಪೀರಿಯಡ್‌ನಲ್ಲಿ ಸುತ್ತಿಕೊಳ್ತಿದ್ದೆ” ಎಂದ.

ಸಂಜೆ ನಾನು ಅಡುಗೆಯಲ್ಲಿರುವಾಗ “ಅಜ್ಜೀ, ಬಾ ಇಲ್ಲಿ” ಎಂದು ಅಂಗಳದಿಂದ ಕೂಗುತ್ತಾನೆ. ಎಷ್ಟೋ ಸಲ ಬರೀ ಇರುವೆ ಸಾಲು ತೋರಿಸುವುದಕ್ಕೆ. ನಾನು ಸ್ಟವ್ ಆರಿಸಿ ಹೋಗುತ್ತೇನೆ.