ಓತಿಕ್ಯಾತದ ನೀರಡಿಕೆ

ಎಂಟೊಂಬತ್ತು ವರ್ಷದ ಹುಡುಗನಾಗಿದ್ದಾಗ ನಾನು ಒಂದು ಓತಿಕ್ಯಾತವನ್ನು ಕೊಂದೆ. ಕಲ್ಲೆಸೆದು ಕೊಂದಿದ್ದರೆ ಇಷ್ಟು ವರ್ಷ ನೆನಪಿಡುವ ಕಾರಣವಿರಲಿಲ್ಲ. ನಮ್ಮ ಓಣಿಯ ಹುಡುಗರೆಲ್ಲ ಆ ಪಾಪದಲ್ಲಿ ಪಾಲುದಾರರೇ. ನಾನು ಕೊಂದದ್ದು ಅದನ್ನು ಸಾಕಬೇಕೆಂಬ ಆಸೆಯಿಂದ, ಅದರ ಬಾಯಿಯ ಮುಂದೆ ನೀರಿಟ್ಟು.

ಇಳಕಲ್ಲಿನ ಬೇಸಗೆಯನ್ನು ಕಂಡವರಿಗೆ ಹೆಚ್ಚು ಹೇಳಬೇಕಾದ್ದಿಲ್ಲ. ಭೂಮಿಯೊಳಗಿನ ಕೆಂಪು ಕಲ್ಲು ಹಗಲೆಲ್ಲ ಬಿಸಿಲು ಕುಡಿದು ರಾತ್ರಿಯೆಲ್ಲ ಕಾರುತ್ತದೆ. ನಾಯಿಗಳು ಗಟಾರದ ಹಸಿ ಹುಡುಕಿ ಮಲಗುತ್ತವೆ. ಮನುಷ್ಯರು ಮನೆಯೊಳಗೆ ಸೇರುತ್ತಾರೆ. ಅಂಥ ಮಧ್ಯಾಹ್ನದಲ್ಲೂ ಬೇಲಿಯ ಮೇಲೆ ತಲೆಯೆತ್ತಿ ಕುಳಿತು, ಯಾರದೋ ಮಾತಿಗೆ ಹೂಂಗುಟ್ಟಿದಂತೆ ಗೋಣು ಹಾಕುವ ಪ್ರಾಣಿ ಓತಿಕ್ಯಾತವೊಂದೇ. ಅಪ್ಪನ ಮಗ್ಗದ ಕೆಳಗೆ ಬಿದ್ದ ತುಂಡು ನೂಲಿನಿಂದ ಕುಣಿಕೆ ಮಾಡಿ, ಕಡ್ಡಿಯ ತುದಿಗೆ ಕಟ್ಟಿ, ಅದನ್ನು ಹಿಡಿದೆ. ಬಿಸ್ಕೀಟಿನ ಡಬ್ಬಿಗೆ ಮೊಳೆಯಿಂದ ತೂತು ಹೊಡೆದು ಒಳಗೆ ಬಿಟ್ಟೆ. ನಾಲ್ಕು ಇರುವೆ ಹಾಕಿದೆ, ಬಟ್ಟಲಲ್ಲಿ ನೀರಿಟ್ಟೆ. ಮೂರನೆಯ ದಿನ ಅದು ಬಟ್ಟಲಿನ ಪಕ್ಕದಲ್ಲೇ ಸತ್ತು ಬಿದ್ದಿತ್ತು. ನೀರು ಇಟ್ಟಷ್ಟೇ ಇತ್ತು.

ಆಯಿ ಬಂದು ನೋಡಿದಳು. ಬೈಯಲಿಲ್ಲ. "ಮುಂದ ನೀರಿಟ್ಟರ ಆತೇನೋ ತಮ್ಮಾ? ಅದು ನೀರಂತ ಅದಕ್ಕ ತಿಳೀಬೇಕಲ್ಲ" ಎಂದಳು.

ಆಗ ಆ ಮಾತು ನನಗೆ ಅರ್ಥವಾಗಲಿಲ್ಲ. ನೀರು ನೀರೆಂದು ಯಾರಿಗೆ ತಿಳಿಯುವುದಿಲ್ಲ? ಅದೇ ವರ್ಷ ಮುಂಗಾರಿನ ಮೊದಲ ಮಳೆ ಬಂದು ನಿಂತ ಮೇಲೆ ಹಿತ್ತಲಿಗೆ ಹೋದೆ. ಜಾಲಿಯ ಕೊಂಬೆಯ ಮೇಲೆ ಇನ್ನೊಂದು ಓತಿಕ್ಯಾತ ಕುಳಿತಿತ್ತು. ಎಲೆಯಿಂದ ತೂಗುತ್ತಿದ್ದ ಹನಿಯನ್ನು ನಾಲಗೆ ಚಾಚಿ ನೆಕ್ಕಿತು. ಒಂದು ಮುಗಿದೊಡನೆ ಮುಂದಿನ ಹನಿಗೆ ಸರಿಯಿತು. ಕೆಳಗೆ ಕಲ್ಲಿನ ದೋಣಿಯ ತುಂಬ ನೀರು ನಿಂತಿತ್ತು. ಅತ್ತ ತಿರುಗಿಯೂ ನೋಡಲಿಲ್ಲ. ಈ ಜಾತಿಯ ಅನೇಕ ಪ್ರಾಣಿಗಳಿಗೆ ಹೊಳೆಯುವ, ಅಲುಗುವ ಹನಿಯೇ ನೀರು; ಬಟ್ಟಲಲ್ಲಿ ಅಲುಗದೆ ನಿಂತದ್ದನ್ನು ಅವು ಗುರುತಿಸದೆಯೇ ಹೋಗಬಹುದು. ಡಬ್ಬಿಯ ಕಾವೂ ಆ ಸಾವಿನಲ್ಲಿ ಸೇರಿದ್ದಿರಬೇಕು. ಆದರೂ ನನ್ನ ಲೆಕ್ಕಕ್ಕೆ ಅದು ಬಾಯಾರಿಯೇ ಸತ್ತಿತು. ನಾಲ್ಕು ಹನಿ ನೀರನ್ನು ಕೈಯಿಂದ ಚಿಮುಕಿಸಿದ್ದರೆ ಸಾಕಾಗಿತ್ತು.

ಆ ಒಂದು ಅಪರಾಧದ ದೆಸೆಯಿಂದ ಮುಂದೆ ಹಲ್ಲಿ ಓತಿಗಳ ವಿಷಯ ಎಲ್ಲಿ ಅಚ್ಚಾದರೂ ಓದುವ ಚಾಳಿ ನನಗೆ ಅಂಟಿಕೊಂಡಿತು. ಹಾಗೆ ಓದುತ್ತಿದ್ದಾಗ ಪರಿಚಯವಾದದ್ದು ಆಸ್ಟ್ರೇಲಿಯದ ಮರುಭೂಮಿಯ ಮುಳ್ಳು ಓತಿ. ನಮ್ಮ ಬೇಲಿಯ ಓತಿಕ್ಯಾತವೂ ಅದೂ ಅಗಾಮಿಡೇ ಎಂಬ ಒಂದೇ ಕುಟುಂಬಕ್ಕೆ ಸೇರಿದವು. ಅಂದರೆ ದೂರದ ದಾಯಾದಿಗಳು. ಅಂಗೈಗಿಂತ ತುಸು ಉದ್ದದ ಪ್ರಾಣಿ. ಮೈತುಂಬ ಮುಳ್ಳು. ಅದರ ರೂಪ ಕಂಡು 1841ರಲ್ಲಿ ಜಾನ್ ಎಡ್ವರ್ಡ್ ಗ್ರೇ ಎಂಬ ಇಂಗ್ಲಿಷ್ ವಿದ್ವಾಂಸ ಅದಕ್ಕೆ ನರಬಲಿ ಬೇಡುವ ಪುರಾತನ ದೇವತೆ 'ಮೊಲೋಕ್'ನ ಹೆಸರಿಟ್ಟ. ಪಾಪ, ಅದು ತಿನ್ನುವುದು ಇರುವೆಯನ್ನು ಮಾತ್ರ. ಬಾಯಿಯೂ ನಾಲಗೆಯೂ ಇರುವೆ ಹೆಕ್ಕುವುದಕ್ಕೇ ಹೊಂದಿಕೊಂಡುಬಿಟ್ಟಿರುವುದರಿಂದ ನಮ್ಮ ಓತಿಕ್ಯಾತದಂತೆ ನೀರನ್ನು ನೆಕ್ಕಲು ಅದಕ್ಕೆ ಬಾರದು. ಹಾಗಾದರೆ ವರ್ಷಕ್ಕೆ ಒಂದೆರಡು ಮಳೆ ಕಾಣುವ ನಾಡಿನಲ್ಲಿ ಅದು ನೀರು ಕುಡಿಯುವುದು ಹೇಗೆ?

ಕಾಲಿನಿಂದ ಕುಡಿಯುತ್ತದೆ ಎಂದರೆ ನೀವು ನಗಬಹುದು. ಒಂದಿಷ್ಟು ನೀರು ನಿಂತ ಕಡೆ ಅದು ಸುಮ್ಮನೆ ಹೋಗಿ ನಿಲ್ಲುತ್ತದೆ. ಕೆಲವು ಕ್ಷಣಗಳಲ್ಲಿ ನೀರು ಕಾಲಿನಿಂದ ಹೊಟ್ಟೆಗೆ, ಹೊಟ್ಟೆಯಿಂದ ಬೆನ್ನಿಗೆ, ಬೆನ್ನಿನಿಂದ ತಲೆಗೆ ತಾನಾಗಿ ಏರುತ್ತದೆ. ಇದನ್ನು ಕಂಡ ವಿಜ್ಞಾನಿಗಳು 1920ರ ದಶಕದಲ್ಲಿ, ಮಸಿ ಹೀರುವ ಕಾಗದದಂತೆ ಇದರ ಚರ್ಮ ನೀರನ್ನು ಹೀರಿ ಮೈಯೊಳಗೆ ಸೇರಿಸಿಕೊಳ್ಳುತ್ತದೆ ಎಂದು ಬರೆದರು. ಬಹುಕಾಲ ಅದೇ ಮಾತು ನಡೆಯಿತು. 1962ರಲ್ಲಿ ಬೆಂಟ್ಲಿ ಮತ್ತು ಬ್ಲೂಮರ್ ಎಂಬಿಬ್ಬರು ಪರೀಕ್ಷಿಸಿ, ಅದು ಹಾಗಲ್ಲ ಎಂದು ತೋರಿಸಿಕೊಟ್ಟರು. ಚರ್ಮ ಒಂದು ಹನಿಯನ್ನೂ ಒಳಗೆ ಬಿಟ್ಟುಕೊಳ್ಳುವುದಿಲ್ಲ. ಹುರುಪೆ ಹುರುಪೆಯ ನಡುವೆ ಕೂದಲೆಳೆಯಂಥ ಕಾಲುವೆಗಳಿವೆ. ಅವು ಒಂದಕ್ಕೊಂದು ಕೂಡಿ ಮೈಯೆಲ್ಲ ಬಲೆಯಂತೆ ಹರಡಿ, ಕೊನೆಗೆ ಬಾಯಿಯ ಎರಡು ಮೂಲೆಗಳಲ್ಲಿ ತೆರೆದುಕೊಳ್ಳುತ್ತವೆ. ಪ್ರಾಣಿ ದವಡೆಯನ್ನು ಮೆಲ್ಲಗೆ ಆಡಿಸಿದಂತೆಲ್ಲ ನೀರು ಬಾಯೊಳಗೆ ಬರುತ್ತದೆ. ಕುಡಿಯುವುದು ಬಾಯಿಯೇ. ಚರ್ಮ ಬರಿಯ ದಾರಿ.

ನೀರು ಹೀಗೆ ಮೇಲಕ್ಕೇರುವುದು ನೇಕಾರರ ಮನೆಯ ಮಗನಿಗೆ ಸೋಜಿಗದ ಸಂಗತಿಯಲ್ಲ. ಹಣತೆಯ ಬತ್ತಿಯಲ್ಲಿ ಎಣ್ಣೆ ಏರುವುದೂ ಹೀಗೆಯೇ. ಒಣಹಾಕಿದ ಸೀರೆಯ ತುದಿ ಬಕೀಟಿನ ನೀರಿಗೆ ತಾಗಿದರೆ ಹಸಿ ಮೊಳದುದ್ದ ಮೇಲೆ ಬಂದಿರುವುದೂ ಹೀಗೆಯೇ. ಶಾಲೆಯ ಪುಸ್ತಕದಲ್ಲಿ ಇದಕ್ಕೆ ಲೋಮನಾಳ ಕ್ರಿಯೆ ಎಂದು ದೊಡ್ಡ ಹೆಸರು. ಅಪ್ಪನಿಗೆ ಆ ಹೆಸರು ಗೊತ್ತಿರಲಿಲ್ಲ, ನೂಲಿನ ನೀರಡಿಕೆ ಗೊತ್ತಿತ್ತು. ಬೇಸಗೆಯಲ್ಲಿ ಹಾಸಿನ ಎಳೆ ಒಣಗಿದರೆ ಪಟಪಟನೆ ಹರಿಯುತ್ತದೆ. ಮಗ್ಗವನ್ನು ಕುಣಿಯಲ್ಲಿ ಹೂಡುವುದಕ್ಕೆ ಕಾಲಿಗೆ ಜಾಗ ಬೇಕೆಂಬುದೊಂದೇ ಕಾರಣವಲ್ಲ. ನೆಲದ ತಂಪು ಎಳೆಗೆ ತಾಗುತ್ತಿರಲಿ ಎಂಬ ಲೆಕ್ಕವೂ ಅದರಲ್ಲಿದೆ.

ಈ ವಿದ್ಯೆ ಮುಳ್ಳು ಓತಿಯೊಂದರ ಸ್ವತ್ತಲ್ಲ. ಅಮೆರಿಕದ ಟೆಕ್ಸಾಸ್ ಕಡೆ ಕೊಂಬಿನ ಓತಿಯೊಂದಿದೆ. ಅದೂ ಇರುವೆಯನ್ನೇ ನಂಬಿದ ಪ್ರಾಣಿ, ಆದರೆ ಕುಟುಂಬ ಬೇರೆ. ಮಳೆ ಬಿದ್ದರೆ ಅದು ಕಾಲು ಚಾಚಿ, ಬೆನ್ನನ್ನು ಕಮಾನಿನಂತೆ ಎತ್ತಿ ಅಗಲಿಸಿ, ತಲೆಯನ್ನು ಕೆಳಗಿಟ್ಟು ನಿಲ್ಲುತ್ತದೆ ಎಂದು ಶರ್‌ಬ್ರುಕ್ ಎಂಬುವರು 1990ರಲ್ಲಿ ವಿವರವಾಗಿ ಬರೆದರು. ಅದರ ಕಾಲುವೆಗಳ ಆಕಾರವೂ ಜಾಣತನದ್ದು: ನೀರು ಮೂತಿಯ ಕಡೆಗೆ ಸುಲಭವಾಗಿ ಹರಿಯುತ್ತದೆ, ಹಿಂದಕ್ಕೆ ಹರಿಯಲು ಒಲ್ಲೆನ್ನುತ್ತದೆ.

ಇಬ್ಬನಿ ಕುಡಿದು ಬದುಕುತ್ತವೆ ಎಂಬ ಸುಂದರವಾದ ಮಾತೊಂದು ಈ ಪ್ರಾಣಿಗಳ ಬಗ್ಗೆ ಇದೆ. 2016ರಲ್ಲಿ ಜರ್ಮನಿ ಮತ್ತು ಆಸ್ಟ್ರೇಲಿಯದ ಸಂಶೋಧಕರು ಮುಳ್ಳು ಓತಿಯನ್ನು ತೂಗಿ ನೋಡಿದರು. ಕಾಲುವೆಗಳು ಪೂರ್ತಿ ತುಂಬಲು ಮೈತೂಕದ ನೂರಕ್ಕೆ ಸುಮಾರು 3ರಷ್ಟು ನೀರು ಬೇಕು. ತಂಪಾದ ಮೈಯ ಮೇಲೆ ಕೂಡುವ ಇಬ್ಬನಿ ಅದರ ಹತ್ತರಲ್ಲೊಂದು ಪಾಲೂ ಇಲ್ಲ. ಹಸಿ ಮರಳಿನ ಮೇಲೆ ನಿಂತರೆ ಅರ್ಧಕ್ಕಿಂತ ತುಸು ಹೆಚ್ಚು ತುಂಬೀತು. ಕುಡಿಯಲು ಅದೂ ಸಾಲದು. ಆದ್ದರಿಂದಲೋ ಏನೋ, ಈ ಓತಿ ಹಸಿ ಮರಳನ್ನು ಕಾಲಿನಿಂದ ಬೆನ್ನಿನ ಮೇಲೆ ಎರಚಿಕೊಳ್ಳುವುದೂ ಉಂಟು. ಜೊತೆಗೆ, ಬಂದ ನೀರನ್ನು ಬಿಟ್ಟುಕೊಡದ ಜಿಪುಣತನ ಈ ಕುಲಕ್ಕೆಲ್ಲ ಇದೆ. ನಮ್ಮ ಗೋಡೆಯ ಹಲ್ಲಿಯ ಹಿಕ್ಕೆಯ ತುದಿಯಲ್ಲಿ ಬೆಳ್ಳಗಿನ ಚುಕ್ಕೆಯನ್ನು ನೀವು ನೋಡಿರಬೇಕು. ಅದೇ ಅದರ ಮೂತ್ರ. ನೀರನ್ನು ಒಳಗೇ ಉಳಿಸಿಕೊಂಡು ಉಳಿದದ್ದನ್ನು ಸುಣ್ಣದಂತೆ ಹೊರಗೆ ಹಾಕುತ್ತದೆ.

ಇದನ್ನೆಲ್ಲ ಓದುವಾಗ ನನ್ನ ಕಣ್ಣ ಮುಂದೆ ಬರುವುದು ಹುನಗುಂದದ ಎರಿ ಹೊಲ. ವರ್ಷಕ್ಕೆ 600 ಮಿಲಿಮೀಟರಿನ ಆಸುಪಾಸು ಮಳೆ. ಅದೂ ಬಂದರೆ ಬಂತು. ಬೇಸಗೆಯಲ್ಲಿ ಆ ಕರಿ ನೆಲ ಕೈ ತೂರುವಷ್ಟು ಬಿರಿಯುತ್ತದೆ. ಮಳೆ ಬಿದ್ದಾಗ ನೀರು ಆ ಬಿರುಕಿನ ದಾರಿ ಹಿಡಿದೇ ಒಳಗಿಳಿಯುತ್ತದೆ. ರೈತ ಒಡ್ಡು ಹಾಕಿ ಹರಿಯುವ ನೀರನ್ನು ತಡೆದು, ಕುಂಟೆ ಹೊಡೆದು ಹಸಿಯನ್ನು ಮುಚ್ಚಿಟ್ಟು, ಹಿಂಗಾರಿಯಲ್ಲಿ ಬಿಳಿಜೋಳ ಬಿತ್ತುತ್ತಾನೆ. ಮುಂದೆ ಮಳೆಯಿಲ್ಲದಿದ್ದರೂ ಒಳಗಿನ ಆ ಹಸಿಯ ಮೇಲೆಯೇ ತೆನೆ ಕಟ್ಟುತ್ತದೆ. ಬಾದಾಮಿಗೆ ಹೋದರೆ ಅಲ್ಲಿಯ ಬೆಟ್ಟಗಳೂ ಇದನ್ನೇ ಮಾಡಿವೆ: ಬೆನ್ನಿನ ಮೇಲೆ ಬಿದ್ದ ಮಳೆಯನ್ನು ಬಂಡೆಯ ಸಂದುಗಳಲ್ಲಿ ಇಳಿಸಿ ಅಗಸ್ತ್ಯತೀರ್ಥದ ಬಾಯಿಗೆ ತಂದು ಬಿಡುತ್ತವೆ. ಒಣ ನಾಡಿನಲ್ಲಿ ಬದುಕುವವರಿಗೆ ನೀರು ಎಷ್ಟು ಬಂತೆಂಬುದರಷ್ಟೇ, ಅದು ಯಾವ ದಾರಿಯಲ್ಲಿ ಬಾಯಿ ಮುಟ್ಟಿತೆಂಬುದೂ ದೊಡ್ಡ ವಿಚಾರ.

ಆಯಿಯ ಕೊನೆಯ ದಿನಗಳು ಬಂದಾಗ ನಾನು ಊರಿನಲ್ಲೇ ಇದ್ದೆ. ಆಗಲೂ ಬೇಸಗೆ. ಅನ್ನ ಬಿಟ್ಟು ಎರಡು ದಿನವಾಗಿತ್ತು. ತಂಬಿಗೆಯಲ್ಲಿ ನೀರು ತಂದೆ, ಲೋಟದಲ್ಲಿ ತಂದೆ, ಚಮಚದಲ್ಲಿ ಹಿಡಿದೆ. ತುಟಿ ತೆರೆಯಲಿಲ್ಲ, ತೆರೆದರೂ ನೀರು ಕಟವಾಯಿಯಲ್ಲಿ ಹರಿದು ದಿಂಬು ತೊಯ್ದಿತು. "ಕುಡೀ ಆಯಿ, ಒಂದ ಗುಟುಕು" ಎಂದು ನಾನು ಹೇಳುತ್ತಲೇ ಇದ್ದೆ. ಆ ಬಟ್ಟಲಿನ ಪಕ್ಕದ ಹುಡುಗನೇ ಮತ್ತೆ ನಾನಾಗಿದ್ದೆ.

ಅವ್ವ ನನ್ನನ್ನು ಬದಿಗೆ ಸರಿಸಿ ಕುಳಿತಳು. ತಾನು ಉಟ್ಟಿದ್ದ ಹಳೆಯ ಇಳಕಲ್ ಸೀರೆಯ ಸೆರಗಿನ ತುದಿಯನ್ನು ನೀರಿಗೆ ಅದ್ದಿ, ಹಿಂಡದೆ, ಆಯಿಯ ತುಟಿಯ ಮೂಲೆಗೆ ಇಟ್ಟಳು. ಸ್ವಲ್ಪ ಹೊತ್ತು ಏನೂ ಆಗಲಿಲ್ಲ. ಆಮೇಲೆ ದವಡೆ ಮೆಲ್ಲಗೆ ಅಲುಗಿತು. ಗಂಟಲು ಒಮ್ಮೆ ಏರಿ ಇಳಿಯಿತು. ಅವ್ವ ಮತ್ತೆ ಅದ್ದಿದಳು. ಹೀಗೆ ಆ ರಾತ್ರಿ ಒಂದು ಬಟ್ಟಲು ನೀರು ನೂಲಿನ ದಾರಿಯಿಂದ ಆಯಿಗೆ ಸೇರಿತು. ಮರುದಿನವೂ ಸೇರಿತು. ಮೂರನೆಯ ದಿನ ಬೆಳಗಿನ ಜಾವ ಆಕೆ ಹೋದಳು; ಬಾಯಾರಿ ಹೋಗಲಿಲ್ಲ.

ಮುಳ್ಳು ಓತಿಯ ಸಂಗತಿ ಓದಿದ್ದು ಅದಾದ ಎಷ್ಟೋ ವರ್ಷಗಳ ಮೇಲೆ. ನೀರು ಬಾಯಿಯ ಮೂಲೆಗೆ ಬರುತ್ತದೆ, ದವಡೆ ಆಡಿಸಿದರೆ ಒಳಗೆ ಹೋಗುತ್ತದೆ ಎಂಬ ಸಾಲಿಗೆ ಬಂದಾಗ ಪುಸ್ತಕ ಮುಚ್ಚಿ ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆ.

ಈಗ ಬೇಸಗೆ ಬಂತೆಂದರೆ ನಮ್ಮ ಹಿತ್ತಲಲ್ಲಿ ಹಕ್ಕಿಗಳಿಗೆ ಮಣ್ಣಿನ ತಟ್ಟೆಯಲ್ಲಿ ನೀರಿಡುತ್ತೇವೆ. ಅದಾದ ಮೇಲೆ ಒಂದು ಚೊಂಬು ನೀರು ಹಿಡಿದು ಬೇಲಿಯ ಎಲೆಗಳ ಮೇಲೆ ಕೈಯಿಂದ ಚಿಮುಕಿಸುತ್ತೇನೆ. ನೀರಿನ ದಂಡ ಎಂದು ಮನೆಯವರು ನಗುತ್ತಾರೆ. ಎಲೆಗೆ ಹನಿ ಕೂತ ಸ್ವಲ್ಪ ಹೊತ್ತಿಗೆ, ಎಲ್ಲಿತ್ತೋ ಏನೋ, ಒಂದು ತಲೆ ಮೇಲೇಳುತ್ತದೆ. ಎರಡು ಸಲ ಗೋಣು ಹಾಕಿ ನಾಲಗೆ ಚಾಚುತ್ತದೆ. ಓತಿಕ್ಯಾತಕ್ಕೆ ಬೇಲಿಗೂಟ ಸಾಕ್ಷಿ ಎಂದು ಗಾದೆ. ನನ್ನ ಹಳೆಯ ಸಾಲ ತೀರುತ್ತಿದೆಯೋ ಇಲ್ಲವೋ, ಅದಕ್ಕೂ ಆ ಗೂಟವೇ ಸಾಕ್ಷಿ.