‘ನಾಗಿಣಿ’ ನೋಡಿದವರಿಗೆ ಹಳೇಬೀಡಿನ ಒಂದು ಕಂಬ

2016ರಲ್ಲಿ ಜೀ ಕನ್ನಡದಲ್ಲಿ ‘ನಾಗಿಣಿ’ ಶುರುವಾದಾಗ ಬೈಕೊಂಡೇ ನೋಡಿದವರು ನಮ್ಮಲ್ಲಿ ಕಡಿಮೆಯೇನಿಲ್ಲ. ದೀಪಿಕಾ ದಾಸ್ ಕಣ್ಣಿನ ಬಣ್ಣ ಬದಲಾದರೆ ಸಾಕು, ಅಡುಗೆಮನೆಯಲ್ಲಿದ್ದವರೂ ಹಾಲ್‌ಗೆ ಓಡಿ ಬರೋರು. ಹಿಂದಿನ ವರ್ಷವಷ್ಟೇ ಹಿಂದಿಯಲ್ಲಿ ‘ನಾಗಿನ್’ ಶುರುವಾಗಿತ್ತು. ಸೇಡು ತೀರಿಸೋಕೆ ಮನುಷ್ಯರೂಪ ತಾಳಿ ಬರುವ ಹಾವಿನ ಕಥೆ ಮನೆಮನೆಯ ಮಾತಾಯ್ತು.

ಆ ಕಥೆಗಳ ಸಾಮಗ್ರಿಯೆಲ್ಲ ಹಳೇಬೀಡಿನ ಕಲ್ಲಲ್ಲಿದೆ. ಬೇಲೂರಿನಿಂದ ಬರೀ 16 ಕಿ.ಮೀ. ವಿಷ್ಣುವರ್ಧನನ ಕಾಲದಲ್ಲಿ, ಸುಮಾರು 1121ರಲ್ಲಿ ಶುರುವಾದ ಹೊಯ್ಸಳೇಶ್ವರ ದೇವಸ್ಥಾನದ ಹೊರಗೋಡೆ ಸುತ್ತುತ್ತಾ ಬನ್ನಿ. ಕಾಳಿಂಗನ ಹೆಡೆ ಮೇಲೆ ಕುಣಿಯೋ ಕೃಷ್ಣ ಸಿಗ್ತಾನೆ. ತಲೆಬುರುಡೆ ತೊಟ್ಟ ಭೈರವ ಸಿಗ್ತಾನೆ. ಅವನ ಪಕ್ಕದಲ್ಲೇ ಪಕ್ಕೆಲುಬು ಎಣಿಸಬಹುದಾದ ಬೇತಾಳಗಳು ಕುಣೀತಿರ್ತವೆ. ಬಳಪದ ಕಲ್ಲು ಮೆದು. ಅದಕ್ಕೇ ಉಗುರು, ಹಲ್ಲು, ಎಲುಬು ಎಲ್ಲವೂ ಅಷ್ಟು ಸ್ಪಷ್ಟ. ಗ್ರಾಫಿಕ್ಸ್ ಇಲ್ಲದೆಯೇ ಹೆದರಿಸೋ ಕೆಲಸ ಇದು.

ಆದರೆ ನನ್ನನ್ನು ನಿಜಕ್ಕೂ ನಿಲ್ಲಿಸಿದ್ದು ದೆವ್ವ ಅಲ್ಲ, ಆವರಣದಲ್ಲೇ ನಿಂತಿರೋ ಗರುಡಗಂಬ. ಸೆಲ್ಫಿ ತೆಗೆಯೋರು ಅದರ ಕಡೆ ತಿರುಗಿಯೂ ನೋಡಲ್ಲ. ಹತ್ತಿರ ಹೋಗಿ ನೋಡಿ: ಕತ್ತಿ ಹಿಡಿದು ತಮ್ಮ ತಲೆಯನ್ನು ತಾವೇ ಅರ್ಪಿಸುತ್ತಿರುವ ಗಂಡಸರು ಅದರ ಮೇಲಿದ್ದಾರೆ. ಇಮ್ಮಡಿ ವೀರಬಲ್ಲಾಳ 1220ರಲ್ಲಿ ತೀರಿಕೊಂಡಾಗ, ಅವನ ಆಪ್ತ ಕುವರ ಲಕ್ಷ್ಮ ಕೊಟ್ಟ ಮಾತಿನಂತೆ ಪ್ರಾಣ ಬಿಟ್ಟ. ಅವನ ಹೆಂಡತಿ ಸುಗ್ಗಲದೇವಿ, ಜೊತೆಯ ಅಂಗರಕ್ಷಕರೂ ಸತ್ತರು. ಒಡೆಯನ ಜೊತೆ ಸಾಯುವ ಇಂಥ ವ್ರತಸ್ಥರನ್ನು ಗರುಡರು ಅಂತಿದ್ದರು.

ಸೀರಿಯಲ್‌ನಲ್ಲಿ ಸತ್ತವರು ಮುಂದಿನ ವಾರ ಬೇರೆ ವೇಷದಲ್ಲಿ ವಾಪಸ್ ಬರ್ತಾರೆ. 2020ಕ್ಕೆ ‘ನಾಗಿಣಿ 2’ ಕೂಡ ಬಂತು. ಈ ಕಂಬದ ಕಥೆಗೆ ಎರಡನೇ ಸೀಸನ್ ಇಲ್ಲ. ಆಫೀಸಲ್ಲಿ ‘ಲಾಯಲ್ಟಿ’ ಅನ್ನೋ ಪದ ಕೇಳಿ ಕೇಳಿ ಸುಸ್ತಾದವರು ಇಲ್ಲಿ ಐದು ನಿಮಿಷ ನಿಲ್ಲಬೇಕು. ನಿಷ್ಠೆಯನ್ನು ಮೆಚ್ಚಬೇಕೋ, ಅದನ್ನು ಕೇಳಿದ ವ್ಯವಸ್ಥೆಗೆ ಹೆದರಬೇಕೋ? ಎರಡೂ ಅನ್ನಿಸುತ್ತೆ. ವೀರರನ್ನು ಹೊಗಳೋ ಭರದಲ್ಲಿ ಸುಗ್ಗಲದೇವಿಯ ಹೆಸರು ಮಾತ್ರ ಮರೀಬೇಡಿ.

1311ರಲ್ಲಿ ಮಲಿಕ್ ಕಾಫರ್ ಸೈನ್ಯ ದೋರಸಮುದ್ರದ ಮೇಲೆ ಬಂತು. ಆಮೇಲಿನ ದಾಳಿಗಳಲ್ಲಿ ರಾಜಧಾನಿ ಕುಸಿದು, ಉಳಿದದ್ದು ‘ಹಳೇ ಬೀಡು’ ಅನ್ನೋ ಹೆಸರು. 2023ರಲ್ಲಿ ಬೇಲೂರು, ಸೋಮನಾಥಪುರದ ಜೊತೆ ಯುನೆಸ್ಕೋ ಪಟ್ಟಿಗೆ ಸೇರಿದ ಮೇಲೆ ಜನ ಜಾಸ್ತಿ. ಹಾಗಾಗಿ ಬೆಳಿಗ್ಗೆ ಬೇಗ ಹೋಗಿ. ಗೋಡೆ ನೋಡಿ ಮುಗಿದ ಮೇಲೆ ಗೈಡ್‌ಗೆ ಹೇಳಿ: “ಅಣ್ಣ, ಗರುಡಗಂಬ ತೋರಿಸಿ.” ಸಮಯ ಉಳಿದರೆ ಹತ್ತಿರದ ಪಾರ್ಶ್ವನಾಥ ಬಸದಿಗೂ ಹೋಗಿ. ಅಲ್ಲಿನ ಕಂಬಗಳು ಕನ್ನಡಿಯಷ್ಟು ನುಣುಪು, ಮನಸ್ಸು ಸ್ವಲ್ಪ ಹಗುರ ಆಗುತ್ತೆ.